ಎಲುಬು ನೋಡುವ ಅಭ್ಯಾಸ

ಸೆಪ್ಟೆಂಬರ್ 29, ಸೋಮವಾರ

ಕಡಲೆ ನೆನೆಹಾಕಿದೆ. ಬಿ.ಪಿ. ಮಾತ್ರೆ ನುಂಗಿದೆ. ನುಂಗಿದೆನಾ? ಸ್ಟ್ರಿಪ್ಪಿನಲ್ಲಿ ಉಳಿದ ಮಾತ್ರೆ ಎಣಿಸಿದೆ. ನುಂಗಿದ್ದೇನೆ. ಒಲೆ ಎರಡು ಸಲ ನೋಡಿದೆ. ಆಫ್ ಇತ್ತು.

ಹನ್ನೊಂದಕ್ಕೆ ಪೋಸ್ಟ್. ಸ್ಮಶಾನದ ಆಫೀಸಿನ ಕಾಗದ. ಸ್ತೆರ್ಯೋಸ್‌ನನ್ನು ಹೂತು ಮೂರು ವರ್ಷ ಆಯ್ತು, ಜಾಗ ಬಿಟ್ಟುಕೊಡಬೇಕು. ಅಕ್ಟೋಬರ್ 14, ಮಂಗಳವಾರ ಬೆಳಿಗ್ಗೆ ಒಂಬತ್ತಕ್ಕೆ ಗೋರಿ ತೆಗೀತಾರೆ. ಎಲುಬು ತೊಳೆಯಲು ವೈನು, ಸುತ್ತಲು ಬಿಳಿ ಬಟ್ಟೆ, ಇಡಲು ಪೆಟ್ಟಿಗೆ ಮನೆಯವರೇ ತರಬೇಕು. ಯಾರೂ ಬರದಿದ್ದರೆ ಎಲ್ಲರದೂ ಹಾಕುವ ಹೊಂಡಕ್ಕೆ.

ಹೊಸದೇನಲ್ಲ. ಊರಲ್ಲಿ ಎಲ್ಲರಿಗೂ ಮಾಡ್ತಾರೆ. ಅಮ್ಮನಿಗೆ ಮಾಡಿದರು, ಅಪ್ಪನಿಗೆ ಮಾಡಿದರು. ಎರಡು ಸಲವೂ ಗೇಟಿನ ಹತ್ತಿರ ನಿಂತಿದ್ದೆ, ಸತ್ತವರ ಹೆಸರಲ್ಲಿ ಹಂಚುವ ಬೇಯಿಸಿದ ಗೋಧಿಯ ತಟ್ಟೆ ಹಿಡ್ಕೊಂಡು. ನೋಡಲಿಲ್ಲ. ಈ ಸಲ ನಾನೇ ಹೆಂಡತಿ. ಮಕ್ಕಳಿಲ್ಲ. ನಾನೇ ನೋಡಬೇಕು, ನಾನೇ ತೊಳೀಬೇಕು.

ಕಾಗದ ಫ್ರಿಜ್ಜಿಗೆ ಅಂಟಿಸಿದೆ. ಅಳು ಬರುತ್ತೇನೋ ಅಂತ ಸ್ವಲ್ಪ ಹೊತ್ತು ನಿಂತೆ. ಬರಲಿಲ್ಲ. ಕಡಲೆಗೆ ನೀರು ಸಾಕಾ ನೋಡಿದೆ.

ಅಕ್ಟೋಬರ್ 1, ಬುಧವಾರ

ಪೊಲಿಕ್ಸೇನಿ ಅತ್ತಿಗೆ ಬಂದಿದ್ದರು. ಸ್ತೆರ್ಯೋಸ್‌ನ ಅಕ್ಕ. ಎಪ್ಪತ್ನಾಲ್ಕು ವಯಸ್ಸು, ಗಂಟಲು ಮಾತ್ರ ಇಪ್ಪತ್ತರದ್ದು. ಕಾಗದ ಓದಿ ಕನ್ನಡಕ ತೆಗೆದರು.

"ಇದಕ್ಯಾಕೆ ಮುಖ ಬಿಳಿಚ್ಕೊಂಡಿದೀಯ ಝಫೀರಾ? ನಮ್ಮಮ್ಮನ ಎಲುಬು ಹೇಗಿದ್ವು ಗೊತ್ತಾ? ಜೇನುಮೇಣ! ಒಳ್ಳೆ ಜೀವದ್ದು ಹಳದಿ ಇರುತ್ತೆ. ನಮ್ಮ ಮನೆತನದಲ್ಲಿ ಎಲ್ಲರದೂ ಹಳದಿ."

"ಮೈ ಮಣ್ಣಲ್ಲಿ ಕರಗದೇ ಇದ್ರೆ, ಅತ್ತಿಗೆ?"

"ಬಾಯಿ ತೊಳ್ಕೋ. ಕರಗದೇ ಉಳಿಯೋಕೆ ಅವನೇನು ಕಳ್ಳನಾ, ಕೊಲೆಗಾರನಾ? ಅವನ ತಲೆ ಮೇಲೆ ಯಾರ ಶಾಪ ಇತ್ತು?"

ಕಪ್ಪು ತೊಳೆಯೋಕೆ ಎದ್ದೆ. ತೊಳೆದದ್ದನ್ನೇ ತೊಳೆದೆ.

ಬರೆದುಬಿಡ್ತೀನಿ. ಯಾರು ಓದ್ತಾರೆ ಇದನ್ನ… ಅವನು ತೀರಿಕೊಂಡ ವರ್ಷ ಮಾರ್ಚಿನಲ್ಲಿ ಅವನ ಗಾಳದ ಡಬ್ಬಿಯಲ್ಲಿ ಆಸ್ಪತ್ರೆಯ ಚೀಟಿ ಸಿಕ್ಕಿತು. ನಾಲ್ಕು ತಿಂಗಳ ಹಳೇದು. ಕ್ಯಾನ್ಸರ್ ಅಂತ ಅವನಿಗೆ ಗೊತ್ತಿತ್ತು, ಹೇಳಿರಲಿಲ್ಲ. ಯಾಕೆ ಅಂದೆ. "ನೀನು ಚಿಂತೆ ಮಾಡ್ತೀಯಲ್ಲ, ಅದಕ್ಕೆ" ಅಂದ. ಸಿಟ್ಟಿಗೆ ಕಣ್ಣು ಕತ್ತಲೆ ಕಟ್ಟಿತು. "ಮಣ್ಣು ನಿನ್ನನ್ನ ಕರಗಿಸದೇ ಹೋಗಲಿ" ಅಂದೆ. ನಮ್ಮಜ್ಜಿ ಜಗಳದಲ್ಲಿ ಅನ್ನುತ್ತಿದ್ದ ಮಾತು. ನನ್ನ ಬಾಯಲ್ಲಿ ಯಾವತ್ತೂ ಬಂದಿರಲಿಲ್ಲ. ಅವನು ನಕ್ಕ.

ಸೆಪ್ಟೆಂಬರಿನಲ್ಲಿ ಹೋದ. ಆ ಮಾತು ವಾಪಸ್ ತಗೊಂಡೆನಾ? ಆರು ತಿಂಗಳು ಬಸ್ಸು, ಸೂಪು, ಸೂಜಿ… ಅದರ ಮಧ್ಯೆ ಎಲ್ಲೋ ತಗೊಂಡಿರಬೇಕು. ನೆನಪಿಲ್ಲ.

ಅಕ್ಟೋಬರ್ 4, ಶನಿವಾರ

ಪೆಟ್ಟಿಗೆ ತಂದೆ. ತಗಡಿನದು ಬೇಡ, ತುಕ್ಕು ಹಿಡಿಯುತ್ತೆ. ಮರದ್ದು. ಈಗ ಊಟದ ಮೇಜಿನ ಕೆಳಗೆ ಇದೆ. ಕಾಲಿಗೆ ತಾಗುತ್ತೆ.

ಬ್ರೆಡ್ಡಿನ ಅಂಗಡಿಯಲ್ಲಿ ಒಬ್ಬಳು ಹೇಳ್ತಿದ್ದಳು, ಕ್ಯಾನ್ಸರಿನ ಔಷಧಿ ತಗೊಂಡವರು ಕರಗೋದಿಲ್ಲವಂತೆ. ಸ್ತೆರ್ಯೋಸ್ ಹನ್ನೆರಡು ಸಲ ತಗೊಂಡ. ಅವನಿಗೆ ತೊಡಿಸಿ ಹೂತ ಸೂಟು ಕೂಡ ನೈಲಾನ್ ಬೆರಕೆ ಇತ್ತಾ? ಅಂಗಡಿಯವನು ಉಣ್ಣೆ ಅಂದಿದ್ದ. ಔಷಧಿಯಾದರೆ ಔಷಧಿ ಇರಲಿ. ಸೂಟಾದರೆ ಸೂಟು. ನನ್ನ ಮಾತೊಂದು ಆಗದಿರಲಿ.

ಮೇಲಿನ ಮನೆಯ ಫೋತಿಸ್ ಮಾಮ ಮೆಟ್ಟಿಲಲ್ಲಿ ಸಿಕ್ಕರು. ಹಿರಿಯರ ಕ್ಲಬ್ಬಿನವರು ಗುರುವಾರ ಮ್ಯೂಸಿಯಂಗೆ ಹೋಗ್ತಾರಂತೆ. ಗೈಡ್ ಇರ್ತಾಳಂತೆ. ಅಲ್ಲಿ ಒಂದು ಇಡೀ ಗೋರಿಯನ್ನ ಮಣ್ಣು ಸಮೇತ ಎತ್ತಿ ತಂದಿಟ್ಟಿದ್ದಾರೆ, ಎಲುಬೂ ಹಾಗೇ ಇದೆ ಅಂದರು.

ಇದೇ ಊರಲ್ಲಿ ಅರವತ್ತೊಂದು ವರ್ಷ. ಆ ಮ್ಯೂಸಿಯಂ ಒಳಗೆ ಕಾಲಿಟ್ಟಿಲ್ಲ. ಮೂರನೇ ಕ್ಲಾಸಿಗೆ ಬಿಡಿಸಿ ಹೊಗೆಸೊಪ್ಪು ಪೋಣಿಸೋಕೆ ಕೂರಿಸಿದರು. ಆಗ ಪುಸ್ತಕದಲ್ಲಿ ಟ್ರಾಯ್ ಯುದ್ಧ ನಡೀತಿತ್ತು. ಯಾರು ಗೆದ್ದರು ಅಂತ ಆಮೇಲೆ ಯಾರನ್ನೋ ಕೇಳಿ ತಿಳ್ಕೊಂಡೆ.

ಹೆಸರು ಕೊಟ್ಟೆ. ಒಂದು ಸಲ ಗಾಜಿನ ಆಚೆ ನೋಡಿಬಿಟ್ಟರೆ ಮಂಗಳವಾರ ತಲೆ ಸುತ್ತಿ ಬೀಳೋದಿಲ್ಲ. ಅಭ್ಯಾಸ ಆಗುತ್ತೆ.

ಅಕ್ಟೋಬರ್ 9, ಗುರುವಾರ, ಸಂಜೆ

ಹೋಗಿ ಬಂದೆ. ಮೊದಲಿಂದ ಬರೀತೀನಿ, ಇಲ್ಲದಿದ್ದರೆ ಮರೀತೀನಿ.

ಇಪ್ಪತ್ತೆರಡು ಜನ. ಪೊಲಿಕ್ಸೇನಿ ಅತ್ತಿಗೆಯೂ ಬಂದರು, ನಾನು ಕರೆದಿರಲಿಲ್ಲ. ಬ್ಯಾಗು ಬಾಗಿಲಲ್ಲೇ ಬಿಡಬೇಕು ಅಂದರು. ಮನೆ ಕೀ ಅದರಲ್ಲಿತ್ತು. ಕೀ ತೆಗೆದು ಕೈಯಲ್ಲಿ ಹಿಡ್ಕೊಂಡೆ. ಇಡೀ ಹೊತ್ತು ಹಿಡ್ಕೊಂಡೇ ಇದ್ದೆ.

ಗೈಡ್ ಹೆಸರು ಮಿರ್ತೋ. ಅಥೆನ್ಸಿನ ಹುಡುಗಿ. ಕೆನ್ನೆಗೆ ಪುಟ್ಟ ಮೈಕು. "ನಿಧಾನ ಹೋಗೋಣ, ಎಲ್ಲಿ ಬೇಕಾದ್ರೂ ಕೂತ್ಕೋಬಹುದು" ಅಂದಳು.

"ಕೂತರೆ ಏಳಿಸೋರು ಯಾರು?" ಅಂದರು ಫೋತಿಸ್ ಮಾಮ.

ಮೊದಲ ಕೋಣೆ ತುಂಬ ಮಡಕೆ, ಹೂಜಿ, ಬಟ್ಟಲು. ಎಲ್ಲ ಒಡೆದದ್ದು, ಎಲ್ಲ ಜೋಡಿಸಿದ್ದು. ಒಂದು ತಟ್ಟೆ ನಲವತ್ತು ಚೂರಂತೆ, ಜೋಡಿಸೋಕೆ ಎರಡು ತಿಂಗಳಂತೆ. ಫೋತಿಸ್ ಮಾಮ ಬಗ್ಗಿ ನೋಡಿದರು. "ನೀನು ಮುಂಚೆ ಸಿಗಬೇಕಿತ್ತು ಮಗಳೇ. ನಮ್ಮವಳು ನನ್ನ ತಲೆಗೆ ಎಸೆದ ತಟ್ಟೆಗಳೆಲ್ಲ ಈಗ ಕಪಾಟಿನಲ್ಲಿ ಇರ್ತಿದ್ವು." ಎಲ್ಲರೂ ನಕ್ಕರು. ನಾನೂ ಬಾಯಿ ಅಗಲ ಮಾಡಿದೆ.

ಎರಡನೆಯದರಲ್ಲಿ ಗೋರಿಯ ಕಲ್ಲುಗಳು. ಒಂದರಲ್ಲಿ ಹೆಂಗಸು ಕುರ್ಚಿಯಲ್ಲಿ ಕೂತಿದ್ದಾಳೆ, ಗಂಡಸು ಎದುರಿಗೆ ನಿಂತಿದ್ದಾನೆ. ಕೈ ಹಿಡ್ಕೊಂಡಿದ್ದಾರೆ. ಮಿರ್ತೋ ಕೇಳಿದಳು, "ಇಬ್ಬರಲ್ಲಿ ಸತ್ತವರು ಯಾರು, ಹೇಳಿ ನೋಡೋಣ."

ಎರಡು ಮುಖವೂ ಒಂದೇ ಥರ. ಏನೂ ಅನ್ನಿಸದವರ ಥರ.

"ಅವಳು" ಅಂದೆ. ನನ್ನ ದನಿ ನನಗೇ ಜೋರಾಗಿ ಕೇಳಿಸಿತು.

"ಹೇಗೆ ಗೊತ್ತಾಯ್ತಮ್ಮ?"

"ಕೂತಿದಾಳಲ್ಲ. ಬದುಕಿರೋ ಹೆಂಗಸು ಎಲ್ಲಿ ಕೂರ್ತಾಳೆ?"

ಮಿರ್ತೋ ನಕ್ಕಳು. ತಿಳಿದವರೂ ಸಾಮಾನ್ಯವಾಗಿ ಹಾಗೇ ಅಂದ್ಕೋತಾರಂತೆ, ಆದರೆ ಗಟ್ಟಿಯಾಗಿ ಹೇಳೋಕೆ ಬರೋದಿಲ್ಲವಂತೆ.

ಆಮೇಲೆ ಎರಡು ಮೆಟ್ಟಿಲು ಇಳಿದು ಸಣ್ಣ ಕೋಣೆ. ಬೆಳಕು ಕಡಿಮೆ. ಮಧ್ಯದಲ್ಲಿ ಗಾಜು. ಒಳಗೆ ಅದು.

ಕೀ ಅಂಗೈಗೆ ಒತ್ತಿಕೊಂಡೆ. ನೋಡಿದೆ. ಒಬ್ಬ ಉದ್ದಕ್ಕೆ ಮಲಗಿದ್ದಾನೆ. ಮಣ್ಣಿನೊಳಗೆ ಅರ್ಧ, ಹೊರಗೆ ಅರ್ಧ. ಹತ್ತಿರ ಒಂದು ಸಣ್ಣ ಹೂಜಿ. ಮೂಲೆಯಲ್ಲಿ ಇನ್ಯಾರದೋ ಎಲುಬಿನ ರಾಶಿ. ಇವನನ್ನು ಮಲಗಿಸುವಾಗ ಹಿಂದಿನವರದ್ದನ್ನ ಒತ್ತಟ್ಟಿಗೆ ಸರಿಸಿ ಜಾಗ ಮಾಡಿದ್ದಾರೆ ಅಂದಳು ಮಿರ್ತೋ. "ವಿಚಿತ್ರ ಅನ್ನಿಸಬಹುದು…"

"ಯಾಕೆ ವಿಚಿತ್ರ?" ಅಂದರು ಅತ್ತಿಗೆ. "ಮುಂದಿನವರಿಗೆ ಜಾಗ ಬೇಡ್ವಾ? ನಮ್ಮಲ್ಲಿ ಮೂರು ವರ್ಷಕ್ಕೆ ತೆಗೀತೀವಿ."

ಅಷ್ಟೇ. ಹೆಂಗಸರೆಲ್ಲ ಗಾಜಿಗೆ ಮುಗಿಬಿದ್ದರು. ಇವನನ್ನ ತೊಳೆದೇ ಇಲ್ಲ ಅಂದಳು ಒಬ್ಬಳು. ಮಂಡಿಚಿಪ್ಪು ಒಂದೇ ಇದೆ, ಇನ್ನೊಂದೆಲ್ಲಿ ಅಂದಳು ಇನ್ನೊಬ್ಬಳು. "ಸಣ್ಣದು, ಮಣ್ಣಲ್ಲಿ ತಪ್ಪಿಹೋಗುತ್ತೆ. ನಮ್ಮ ಯಜಮಾನರದು ಜರಡಿ ಹಿಡಿದ ಮೇಲೆ ಸಿಕ್ತು." ಹಲ್ಲು ಚೆನ್ನಾಗಿದೆ, ಪಾಪ, ಚಿಕ್ಕ ವಯಸ್ಸು ಅಂದಳು ಮತ್ತೊಬ್ಬಳು.

ಮಿರ್ತೋ ಮೈಕು ಆಫ್ ಮಾಡಿದಳು. "ನೀವೇ ಕೈಯಾರೆ ತೊಳೀತೀರಾ?"

"ಮತ್ತೆ? ಸರ್ಕಾರ ಬಂದು ತೊಳೆಯುತ್ತಾ?"

"ಹಳದಿ ಇಲ್ಲ ಇವನದು" ಅಂದರು ಅತ್ತಿಗೆ. "ಕಂದು. ಏನೋ ಮಾಡಿದ್ದಾನೆ."

"ಬಣ್ಣ ಮಣ್ಣಿನದು ಅಜ್ಜಿ. ಮನುಷ್ಯನದಲ್ಲ."

ಅತ್ತಿಗೆಗೆ ಅಜ್ಜಿ ಅಂದದ್ದು ಹೆಚ್ಚು ಸಿಟ್ಟೋ, ಬಣ್ಣದ ಮಾತು ಹೆಚ್ಚು ಸಿಟ್ಟೋ, ಹೇಳೋಕೆ ಆಗೋದಿಲ್ಲ.

ಆಗ ಕೇಳಿಬಿಟ್ಟೆ. "ಕರಗದೇ ಉಳಿದವರು ಸಿಗ್ತಾರಾ ನಿಮಗೆ?"

"ಇಲ್ಲಮ್ಮ. ಇವರಿಗೆ ಮೂರು ಸಾವಿರ ವರ್ಷ ಆಯ್ತಲ್ಲ."

"ಮೂರು ವರ್ಷಕ್ಕೆ ಉಳೀತಾರಾ?"

"ಉಳೀಬಹುದು. ನೀರು ನಿಲ್ಲೋ ಮಣ್ಣಾದ್ರೆ ನಿಧಾನ. ಮಣ್ಣಿನ ಮೇಲೆ ಹೋಗುತ್ತೆ."

"ಮಾತಿನ ಮೇಲೆ ಹೋಗಲ್ವಾ?"

"ಯಾವ ಮಾತು?"

ಅತ್ತಿಗೆ ತಿರುಗಿ ನನ್ನನ್ನ ನೋಡಿದರು. ಏನಿಲ್ಲ ಅಂದೆ.

ಇನ್ನೊಂದು ಸಲ ಗಾಜಿನೊಳಗೆ ನೋಡಿದೆ. ಹೆದರಿಕೆ ಆಗಲಿಲ್ಲ. ಅಯ್ಯೋ ಅಂತಲೂ ಅನ್ನಿಸಲಿಲ್ಲ. ಒಣಗಿದ ಸೌದೆ ನೋಡಿದ ಹಾಗೆ. ಹಾಗಾದರೆ ಆಯ್ತು. ಇಷ್ಟೇ ಆದರೆ ಮಾಡಬಲ್ಲೆ.

ಬಸ್ಸಿನಲ್ಲಿ ಅತ್ತಿಗೆ ಪಕ್ಕ ಕೂತರು.

"ಯಾವ ಮಾತು ಅದು?"

"ಯಾವುದು?"

"ಆ ಹುಡುಗೀನ ಕೇಳಿದ್ಯಲ್ಲ."

"ಸುಮ್ಮನೆ ಕೇಳಿದೆ, ಜನ ಹೇಳ್ತಾರಲ್ಲ ಅಂತ."

ಬೈತಾರೆ ಅಂದ್ಕೊಂಡೆ. ಬೈಲಿಲ್ಲ. ಅವರ ಸ್ಟಾಪು ಬರುವ ತನಕ ಕಿಟಕಿ ನೋಡ್ತಾ ಕೂತರು. ಅತ್ತಿಗೆ ಅಷ್ಟು ಹೊತ್ತು ಬಾಯಿ ಮುಚ್ಚಿದ್ದನ್ನ ನಾನು ನೋಡಿಯೇ ಇಲ್ಲ.

ಕೀ ಅಂಗೈಯಲ್ಲಿ ಗುರುತು ಮೂಡಿಸಿದೆ. ನೋವಿಲ್ಲ.

ಅಕ್ಟೋಬರ್ 10

ಕಣ್ಣು ಮುಚ್ಚಿ ತಲೆಬುರುಡೆ, ಪಕ್ಕೆ, ತೊಡೆ, ಮಂಡಿ ಅಂತ ಒಂದೊಂದೇ ನೆನೆಸಿಕೊಂಡೆ. ಏನೂ ಆಗಲಿಲ್ಲ. ಮೂರು ಸಲ ಮಾಡಿದೆ. ಆಮೇಲೆ ಕಿಟಕಿ ಒರೆಸಿದೆ.

ಅಕ್ಟೋಬರ್ 14, ಮಂಗಳವಾರ, ಬೆಳಿಗ್ಗೆ 6

ವೈನು. ಬಿಳಿ ಬಟ್ಟೆ, ಎರಡು ಸಲ ಇಸ್ತ್ರಿ ಮಾಡಿದ್ದು. ಪೆಟ್ಟಿಗೆ. ಬೇಸಿನ್ನು. ಗೋಧಿ ನಿನ್ನೆಯೇ ಬೇಯಿಸಿದೆ, ಸಕ್ಕರೆ ಮೇಲೆ ಉದುರಿಸಬೇಕು. ಕೈಗವಸು ತಗೊಳ್ಳಲಾ? ಅತ್ತಿಗೆ ನೋಡಿದರೆ ಏನಂತಾರೆ. ತಗೊಳ್ಳೋದಿಲ್ಲ. ಜೇಬಿನಲ್ಲಿ ಇಟ್ಕೊಂಡಿರ್ತೀನಿ. ಒಲೆ ಆಫ್.

ಅದೇ ದಿನ, ಮಧ್ಯಾಹ್ನ 3

ಪಾದ್ರಿ ಬಂದರು, ಹೇಳುವುದನ್ನ ಹೇಳಿದರು. ಅಗೆಯುವವನು ಅಗೆದ. ಶವಪೆಟ್ಟಿಗೆಯ ಹಲಗೆ ಕೊಳೆತಿತ್ತು, ಸನಿಕೆ ತಾಗಿದ ಕೂಡಲೇ ಮುರಿಯಿತು. ಅಭ್ಯಾಸ ಮಾಡಿದ್ದೆನಲ್ಲ, ನೇರ ನೋಡಿದೆ.

ಎಲುಬಿಗೆ ಸಿದ್ಧ ಆಗಿ ಹೋಗಿದ್ದೆ. ಅವನೇ ಇದ್ದ.

ಹುಬ್ಬು ಗೊತ್ತಾಯ್ತು. ಕೂದಲು ಗೊತ್ತಾಯ್ತು, ಎಡಗಡೆ ಬಾಚಿದ್ದು. ನಾನೇ ಬಾಚಿದ್ದು. ಉಳಿದದ್ದು ಬರೆಯೋದಿಲ್ಲ.

ಅಗೆಯುವವನು ತಲೆ ಎತ್ತಿದ. "ಆಗಿಲ್ಲಮ್ಮ. ಇನ್ನೆರಡು ವರ್ಷ ಬೇಕು. ಈ ಸಾಲು ಪೂರ್ತಿ ಹೀಗೇ, ಕೆಳಗಡೆ ನೀರಿದೆ. ಹಾಗೇ ಮುಚ್ಚಲಾ?"

ಅತ್ತಿಗೆ ಕಿರುಚಿಕೊಳ್ತಾರೆ ಅಂತ ಕಾದೆ. ನನ್ನ ಮಣಿಕಟ್ಟು ಹಿಡಿದರು.

"ಇವನಿಗೆ ಯಾರಾದ್ರೂ ಏನಾದ್ರೂ ಅಂದಿದ್ರೆ, ಮುಚ್ಚೋಕೆ ಮುಂಚೆ ಹೇಳಲಿ."

ಪಾದ್ರಿ, "ಪೊಲಿಕ್ಸೇನಿ ತಾಯಿ, ಅಂಥದ್ದೆಲ್ಲ ಇಲ್ಲ" ಅಂದರು.

"ನಿಮ್ಮನ್ನ ಕೇಳಲಿಲ್ಲ ಫಾದರ್."

ಸುಳ್ಳು ಹೇಳಬಹುದಿತ್ತು. ನೀರಿದೆ ಅಂತ ಅಗೆಯುವವನೇ ಹೇಳಿದ್ದಾನೆ. ಔಷಧಿ ಇತ್ತು, ಸೂಟು ಇತ್ತು. ಬಾಯಿ ತಾನಾಗಿ ತೆರೀತು.

"ನಾನು ಅತ್ತಿಗೆ. ನಾನು ಅಂದಿದ್ದೆ."

"ಏನಂತ?"

ಹೇಳಿದೆ. ಇದ್ದ ಹಾಗೇ ಹೇಳಿದೆ, ಚೀಟಿಯ ಸಮೇತ. ಅಗೆಯುವವನು ಸನಿಕೆಗೆ ಒರಗಿ ಬೇರೆ ಕಡೆ ನೋಡ್ತಿದ್ದ. ಹೊಡೀತಾರೆ ಅಂದ್ಕೊಂಡೆ. ಹೊಡೆದಿದ್ದರೆ ಏನಾದರೂ ಅನ್ನಿಸ್ತಿತ್ತೋ ಏನೋ.

ಅತ್ತಿಗೆ ಅಗೆಯುವವನಿಗೆ, "ಮುಚ್ಚಪ್ಪ" ಅಂದರು. ನನಗೆ, "ಮನೆಗೆ ನಡಿ" ಅಂದರು. ವೈನಿನ ಬಾಟಲಿ ಹಾಗೇ ವಾಪಸ್ ಬಂತು. ಪೆಟ್ಟಿಗೆಯನ್ನ ಅವರೇ ಹೊತ್ತರು, ನನಗೆ ಕೊಡಲಿಲ್ಲ.

ಈಗ ಅಡುಗೆಮನೆಯಲ್ಲಿ ಇದ್ದೇವೆ. ಬಂದವರೇ ಗಾಜಿನ ಲೋಟ ಕೇಳಿದರು. ನೀರು ತುಂಬಿ ಮೇಜಿನ ಮೇಲೆ ಇಟ್ಟರು. ಕಲ್ಲುಪ್ಪು ಕೇಳಿದರು. ಅವರ ಅಜ್ಜಿ ಹೀಗೆ ಮಾಡ್ತಿದ್ದರಂತೆ. ಉಪ್ಪು ಹಾಕಿ, ಇದು ಕರಗಿದ ಹಾಗೆ ನಾನಾಡಿದ ಮಾತೂ ಕರಗಲಿ ಅನ್ನಬೇಕಂತೆ. ಅಂದೆ.

"ಇದು ನಿನ್ನದು" ಅಂತ ಒಂದು ಚಿಟಿಕೆ ಹಾಕಿದರು. ಡಬ್ಬಿ ಮುಚ್ಚಲಿಲ್ಲ. ಆಮೇಲೆ ಇನ್ನೊಂದು ಚಿಟಿಕೆ ಹಾಕಿದರು. ಅದು ಯಾರದು ಅಂತ ಹೇಳಲಿಲ್ಲ. ನಾನು ಅಂದದ್ದನ್ನೇ ಅನ್ನುವ ಹಾಗೆ ಅವರ ತುಟಿ ಅಲ್ಲಾಡಿತು, ದನಿ ಇರಲಿಲ್ಲ.

ಕಲಸಬಾರದಂತೆ. ತಾನಾಗಿ ಕರಗಬೇಕಂತೆ. ಅವರು ಕನ್ನಡಕ ಹಾಕ್ಕೊಂಡು ಲೋಟವನ್ನೇ ನೋಡ್ತಿದ್ದಾರೆ. ನಾನು ಇದನ್ನ ಬರೀತಿದ್ದೇನೆ, ಏನು ಬರೀತೀಯ ಅಂತಲೂ ಕೇಳಲಿಲ್ಲ. ತಳದಲ್ಲಿ ಇನ್ನೂ ನಾಲ್ಕು ಹರಳು. ಮೂರು. ಒಂದು ದೊಡ್ಡದು, ಅದು ಯಾರದೋ…