ಅಪ್ಪನ ಮುಖಕ್ಕೆ ನಿನ್ನ ಗಂಟಲು

ಸೋಮವಾರ, ಸಂಜೆ

ಅಣ್ಣಾ,

ನೀನು ಅಪ್ಪನ ದನಿಯನ್ನು ಕದ್ದಿದ್ದೀಯ. ಕ್ಷೇಮಸಮಾಚಾರ ಆಮೇಲೆ. ನಿನ್ನ ಹಿಂದಿನ ಕಾಗದಕ್ಕೆ ಉತ್ತರ ತಡವಾಯಿತು, ಅದಕ್ಕೆ ಕ್ಷಮೆ ಇರಲಿ. ಈ ಮಾತಿಗೆ ಮಾತ್ರ ಕ್ಷಮೆ ಕೇಳುವುದಿಲ್ಲ.

ನಿನ್ನೆ ಅಪ್ಪನ ಸಿನಿಮಾ ನೋಡಿದೆವು. ಅವರು ಬೇಡ ಬೇಡ ಎಂದರೂ ಮೇಕಪ್ ಮಾಮ ನಾಟಕ ಕಂಪನಿಯವರನ್ನೆಲ್ಲ ಕಟ್ಟಿಕೊಂಡು ಬಂದು ಹೊರಡಿಸಿಯೇ ಬಿಟ್ಟರು. ಇಷ್ಟು ವರ್ಷ ಸಿನಿಮಾದವರು ಅಪ್ಪನಿಗೆ ಕೊಟ್ಟಿದ್ದಾದರೂ ಏನು ಹೇಳು? ಕನ್ನಡಕ ತೆಗೆದು ತಲೆಯಾಡಿಸುವ ಡಾಕ್ಟರು, ಸುತ್ತಿಗೆ ಕುಟ್ಟುವ ಜಡ್ಜು, ಮದುವೆ ಮುರಿದಾಗ ಎದೆ ಹಿಡಿದುಕೊಳ್ಳುವ ಹುಡುಗಿಯ ತಂದೆ. ಮೈಕಿಲ್ಲದೆ ಕೊನೆಯ ಬೆಂಚಿಗೂ ಮಾತು ಮುಟ್ಟಿಸುವವರಿಗೆ! ಈ ಸಲ ಮೊದಲ ಬಾರಿಗೆ ಪಾತ್ರ ಎನ್ನುವಂಥದ್ದು ಸಿಕ್ಕಿತ್ತು. ಕೆಲಸ ಕಳೆದುಕೊಂಡ ಗಿರಣಿಯ ಕಾವಲುಗಾರ, ಮಾಲೀಕನ ಮುಖಕ್ಕೇ ಉತ್ತರ ಕೊಡುವವನು.

ತೆರೆಯ ಮೇಲೆ ಅಪ್ಪ ಬಾಯಿ ತೆರೆದರು. ಅಮ್ಮ ನನ್ನ ಮೊಣಕೈ ಹಿಡಿದಳು. "ಇದು ನಮ್ಮ ದೊಡ್ಡವನ ಗಂಟಲಲ್ವೇನೇ?"

ಮಾಮ ಹಿಂದಿನ ಸಾಲಿನಿಂದ ಬಗ್ಗಿ, "ಏನ್ ಯಜಮಾನ್ರೇ, ನಿಮ್ಮ ಗಂಟಲಿಗೆ ಮೂವತ್ತು ವರ್ಷ ವಯಸ್ಸು ಇಳಿದುಬಿಟ್ಟಿದೆಯಲ್ಲ!" ಅಂದರು. ಎಲ್ಲರೂ ನಕ್ಕರು. ಅಪ್ಪನೂ ನಕ್ಕರು. ಆ ನಗುವನ್ನು ನೀನು ನೋಡಬೇಕಿತ್ತು.

ಪರಭಾಷೆಯ ನಾಯಕರಿಗೆ ದನಿ ಕೊಟ್ಟು ನೀನು ಹೊಟ್ಟೆ ಹೊರೆಯುತ್ತೀಯ, ಅದರಲ್ಲಿ ತಪ್ಪಿಲ್ಲ. 'ನಿಮ್ಮಪ್ಪನದು ನಾಟಕದ ಗಂಟಲು' ಎಂದು ನಿರ್ದೇಶಕ ಮೂಗು ಮುರಿದಿರಬೇಕು, ನೀನು ಹೂಂ ಎಂದಿರಬೇಕು. ಅಪ್ಪನನ್ನು ಒಂದು ಮಾತು ಕೇಳಬಾರದಿತ್ತೇ? ಇಷ್ಟು ದಿನ ಮನೆ ಕಡೆ ತಲೆ ಹಾಕದೆ, ಫೋನೂ ಎತ್ತದೆ ಇದ್ದದ್ದೇಕೆಂದು ಈಗ ತಿಳಿಯಿತು. ದುಡಿಯುವವನ ಕೈ ಅವನದಾದರೆ ಗಂಟಲೂ ಅವನದೇ. ನಾನು ಓದಿದ ಕರಪತ್ರಗಳಲ್ಲಿ ಇದಕ್ಕೆ ಇರುವುದು ಒಂದೇ ಹೆಸರು, ಶೋಷಣೆ. ಮಾಡಿದವನು ಮಾಲೀಕನಾದರೂ ಅದೇ, ಒಡಹುಟ್ಟಿದವನಾದರೂ ಅದೇ. ಕಲಾವಿದರ ಸಂಘಕ್ಕೆ ದೂರು ಬರೆದಿದ್ದೇನೆ. ನಾಳೆ ಬೆಳಿಗ್ಗೆ ಅಪ್ಪನ ಸಹಿ ಹಾಕಿಸುತ್ತೇನೆ. ನಿನ್ನ ಹೆಸರೂ ಅದರಲ್ಲಿದೆ.

ಅತ್ತಿಗೆಗೆ ನಮಸ್ಕಾರ, ಮಗುವಿಗೆ ಮುತ್ತು. ಅಮ್ಮ ಎಂದಿನಂತೆ ಆಶೀರ್ವಾದ ತಿಳಿಸಿದ್ದಾಳೆ. ನಾನಾಗಿದ್ದರೆ ತಿಳಿಸುತ್ತಿರಲಿಲ್ಲ.

ನಿನ್ನ
ಮೆಣಸಿನಕಾಯಿ

ತಾ. ಕ.
ಮಂಗಳವಾರ

ಮೇಲಿನದನ್ನು ಹರಿದುಹಾಕಿ ಬೇರೆ ಬರೆಯಲು ಹೊತ್ತಿಲ್ಲ, ಹಾಗೆಯೇ ಕಳಿಸುತ್ತಿದ್ದೇನೆ.

ದೂರು ಓದಿ ಹೇಳಿದೆ. ಅಪ್ಪ ಪೆನ್ನು ಮುಟ್ಟಲಿಲ್ಲ. "ಹುಚ್ಚಿ, ಅವನನ್ನ ಕರೆಸಿ ಅಂದಿದ್ದು ನಾನೇ ಕಣೇ. ಅವನಿಗೆ ಕಾರಣ ಹೇಳ್ಬೇಡಿ ಅಂತ ಡೈರೆಕ್ಟರ ಹತ್ರ ಮಾತು ತಗೊಂಡಿದ್ದೆ" ಅಂದರು.

ದನಿ ಮುದ್ರಿಸಲು ಹೋದ ದಿನ, ಕಾವಲುಗಾರನ ಆ ಉದ್ದದ ಮಾತು ಮುಗಿಯುವ ಮೊದಲೇ ಗಂಟಲು ನಿಂತುಹೋಯಿತಂತೆ. ಗಡ್ಡೆ. ಧ್ವನಿಪೆಟ್ಟಿಗೆಯನ್ನೇ ತೆಗೆಯಬೇಕಂತೆ. ಅಂದಿನಿಂದ ಪಿಸುಮಾತಿನಲ್ಲೇ ಇದ್ದಾರೆ. ಹೊಸ ನಾಟಕಕ್ಕೆ ಮುಂಚೆ ಗಂಟಲನ್ನು ಹಾಗೆ ಕಾಯ್ದುಕೊಳ್ಳುವುದು ಅವರ ರೂಢಿಯಲ್ಲವೇ? ನಾವೂ ಅದೇ ಎಂದುಕೊಂಡು, ಅವರು ಎದುರಿಗಿದ್ದಾಗ ಮಿಕ್ಸಿ ಕೂಡ ಹಾಕದೆ ಸಹಕರಿಸಿದೆವು.

"ಹೇಗೂ ಹೋಗೋ ದನಿ, ಕಂಡೋರ ಪಾಲಾಗೋದು ಬೇಡ, ಮನೇಲೇ ಇರ್ಲಿ ಅಂದ್ಕೊಂಡೆ. ಚೆನ್ನಾಗೇ ಆಡಿದಾನೆ. ನಾನು ಉಸಿರು ತಗೊಳ್ಳೋ ಕಡೇನೇ ತಗೊಂಡಿದಾನೆ."

ಯಾರ ಮೇಲೆ ದೂರು ಬರೆಯಲಿ, ಅಣ್ಣಾ? ಕೂಗಬೇಕೆನಿಸುತ್ತದೆ. ಯಾವ ಬಾಗಿಲ ಮುಂದೆ ನಿಂತು ಕೂಗುವುದೋ ತಿಳಿಯುತ್ತಿಲ್ಲ.

ಅಮ್ಮನಿಗೆ ಹೇಳಲು ನಾನು ಎದ್ದೆ. "ಕೂತ್ಕೋ, ನಾನೇ ಹೇಳ್ತೀನಿ. ಇನ್ನೂ ಹೇಳಕ್ಕಾಗುತ್ತೆ" ಅಂದರು. ಈಗ ಅಡುಗೆಮನೆಯಲ್ಲಿ ಅವಳ ಪಕ್ಕ ಕೂತು ಹೇಳುತ್ತಿದ್ದಾರೆ. ನಾನು ಇಲ್ಲಿ ಇದನ್ನು ಬರೆಯುತ್ತಿದ್ದೇನೆ.

ಮೇಕಪ್ ಮಾಮನ ಕೈಯಲ್ಲಿ ಇವತ್ತೇ ಕಳಿಸುತ್ತೇನೆ. ಅಪ್ಪ ನಿನ್ನ ಜೊತೆ ಮಾತಾಡಬೇಕಂತೆ. ನೀನು ಏನೂ ಹೇಳಬೇಕಿಲ್ಲ, ಕೇಳುವುದಕ್ಕೆ ಬಾ. ಎಂಟು ಗಂಟೆಗೆ ಅವರನ್ನು ಆಪರೇಷನ್ನಿಗೆ ಒಳಗೆ ಕರೆದುಕೊಂಡು ಹೋಗುತ್ತಾರೆ. ಶುಕ್ರವಾರ ಬೆಳಿಗ್ಗೆ ಏಳು ಗಂಟೆ, ದೊಡ್ಡಾಸ್ಪತ್ರೆಯ ಮುಂಬಾಗಿಲು.