ಮೂರನೆಯ ಅಂಕದ ಆರತಿ

ಅಥಣಿ ಕ್ಯಾಂಪು
೯ ಫೆಬ್ರವರಿ ೧೯೮೮

ಮಗಳು ಶಿವಗಂಗಾಳಿಗೆ, ಅವ್ವ ಹೊಳೆವ್ವನ ಮನಸಾರೆ ಆಶೀರ್ವಾದ.

ಇಲ್ಲಿ ಎಲ್ಲರೂ ಕ್ಷೇಮ ಎಂದು ಬರೆಯುವುದು ರೂಢಿ. ನಾಟಕ ಕಂಪನಿಯವರೆಲ್ಲ ಕ್ಷೇಮವಾಗಿದ್ದಾರೆ, ನನ್ನದು ಮುಂದೆ ಓದಿದರೆ ತಿಳಿಯುತ್ತದೆ. ನಿನಗೆ ಏಳು ತಿಂಗಳು ತುಂಬಿತು. ಹುಳಿ ತಿನ್ನುವ ಆಸೆಯಾದರೆ ತಿನ್ನು, ಅತ್ತೆಗೆ ಹೆದರಬೇಡ. ನಮ್ಮ ಅಡಿಗೆಯ ಸತ್ತೆವ್ವನ ಕೈಯಲ್ಲಿ ನಿಪ್ಪಾಣಿಯ ಹಸಿರು ಬಳೆ ಕಳಿಸಿದ್ದೆ, ಹಳದಿ ಚುಕ್ಕೆಯವು. ಮುಟ್ಟಿದವೋ ಇಲ್ಲವೋ, ನಿನ್ನಿಂದ ಒಂದು ಮಾತೂ ಇಲ್ಲ.

ಬರುವ ಸೋಮವಾರ ನಿನ್ನ ಏಳು ತಿಂಗಳ ಕುಬಸಕ್ಕೆ ನಾನು ಬರುವುದಿಲ್ಲ. ನಿನ್ನ ಮಾವ ರಾವಸಾಹೇಬರು ಕರೆದದ್ದು ನಿಜ. "ಬರ್ರಿ, ಆದ್ರ ಆರತಿ ಆಗೂತನಕ ಅಡಗಿಮನ್ಯಾಗ ಕುಂದರ್ರಿ" ಎಂದು ಹೇಳಿಕಳಿಸಿದ್ದರು. ಗಂಡ ಸತ್ತವಳು ಹೆತ್ತ ಮಗಳಿಗೂ ಆರತಿ ಎತ್ತಬಾರದಂತೆ. ನಿನ್ನಪ್ಪ ಹೋದಾಗ ನಿನಗಿನ್ನೂ ಮಾತು ಬಂದಿರಲಿಲ್ಲ. ನಿನ್ನನ್ನು ಬಗಲಿಗೆ ಕಟ್ಟಿಕೊಂಡು ಕಂಪನಿ ಸೇರಿ, ಬಣ್ಣ ಹಚ್ಚಿ ಬೆಳೆಸಿದೆ. ಬೆಳೆಸುವಾಗ ನನ್ನ ಬರಿಹಣೆ ಯಾರಿಗೂ ಅಡ್ಡ ಬರಲಿಲ್ಲ.

ಇರಲಿ. ನಾನು ನನ್ನದೇ ಒಂದು ಉಪಾಯ ಹೂಡಿದ್ದೆ. ನಮ್ಮ ನಾಟಕದ ಮೂರನೆಯ ಅಂಕದಲ್ಲಿ ಮಗಳ ಕುಬಸ ಇದೆ, ತಾಯಿಯ ಪಾರ್ಟು ನನ್ನದು. ಆ ಪಾರ್ಟಿನಲ್ಲಿ ನಾನು ಮುತ್ತೈದೆ. ಹಣೆತುಂಬ ಕುಂಕುಮ, ಹಸಿರು ಸೀರೆ. ಮಾಲಕರು ಕಾಗದದ ಹೂವು ಕೊಟ್ಟರೂ ನಾನು ಸಂತೆಯಿಂದ ಸೇವಂತಿಗೆ ತಂದು ಮುಡಿಯುತ್ತಿದ್ದೆ. ನಾನು ಕುಂಕುಮ ಇಡುವ ಜಾಗ ಅದೊಂದೇ. ಸೋಮವಾರದ ಆಟದಲ್ಲಿ ಆ ಹುಡುಗಿಗೆ ಆರತಿ ಎತ್ತುವಾಗ ನಿನ್ನ ಮುಖ ನೆನೆದು, ನಿನಗೇ ಎತ್ತಿದೆ ಎಂದುಕೊಳ್ಳಬೇಕೆಂದಿದ್ದೆ.

ಅದೂ ಹೋಯಿತು. ನಿನ್ನೆ ಮಾಲಕ ಮುರಗೆಪ್ಪನವರು ಕರೆದು, ನಾಟಕ ತಿದ್ದಿದ್ದೇವೆ ಎಂದರು. ಪಡದೆ ಏಳುವ ಮೊದಲೇ ತಾಯಿಯ ಗಂಡ ಸತ್ತಿರುತ್ತಾನಂತೆ. ಕುಬಸದ ಹೊತ್ತಿಗೆ ನಾನು ಬಿಳಿ ಸೀರೆಯುಟ್ಟು ಬಾಗಿಲ ಮರೆಯಲ್ಲಿ ನಿಂತು ಅಳಬೇಕು. "ಅಕ್ಕಾರ, ವಯಸ್ಸಾದಾಕಿ ನಕ್ಕೋಂತ ನಿಂತ್ರ ಯಾರ ನೋಡ್ತಾರ್ರಿ? ಅತ್ತರ ಟಿಕೀಟ ಖರ್ಚ ಆಕ್ಕಾವ" ಎಂದರು.

ಅವರ ಮಾತು ಪೂರ್ತಿ ಸುಳ್ಳಲ್ಲ. ಟೆಂಟ್ ಟಾಕೀಜಿನಲ್ಲಿ ನೀನೂ ನೋಡಿದ್ದೀಯಲ್ಲ. ತಾಯಿ ಬಂದಳೆಂದರೆ ಹಿಂದೆಯೇ ಕೆಮ್ಮು ಬಂತು, ಇಂಟರ್ವಲ್ಲಿನೊಳಗೆ ಅವಳ ಫೋಟೋಕ್ಕೆ ಹಾರ. ಬದುಕಿ ಉಳಿದರೆ ಸೊಸೆಯನ್ನು ಕಾಡುವ ಹೆಮ್ಮಾರಿ. ನಮ್ಮ ಹೀರೋ ಜ್ಞಾನದೇವ ನನಗಿಂತ ಐದು ವರ್ಷ ದೊಡ್ಡವನು, ಮೀಸೆಗೆ ಕಾಡಿಗೆ ತಿಕ್ಕಿ ಇನ್ನೂ ಕಾಲೇಜು ಹುಡುಗ. ಒಂದು ಕಾಲಕ್ಕೆ ಅವನ ನಾಯಕಿಯಾಗಿದ್ದ ನಾನು ಈಗ ಅವನಿಗೆ ಅತ್ತೆ. ಕಾಲು ಮುಟ್ಟಲು ಬಗ್ಗಿದವನನ್ನು ನಾನೇ ಹಿಡಿದು ಎಬ್ಬಿಸಬೇಕು.

ಸಿಟ್ಟು ನುಂಗಿ ಬೇಡಿಕೊಂಡೆ. "ಆ ಗಂಡನ್ನ ಕೊಲ್ಲಬ್ಯಾಡ್ರಿ. ಪಂಢರಪುರಕ್ಕ ಹೋಗ್ಯಾನ ಅನ್ರಿ. ರಂಗದ ಮ್ಯಾಲ ಬರೂದೂ ಬ್ಯಾಡ, ಅವಗ ಪಗಾರೂ ಬ್ಯಾಡ" ಎಂದೆ. ಪಡದೆ ಎಳೆಯುವವರು ನಕ್ಕರು. ಮಾಲಕರು ನಗಲಿಲ್ಲ. ನೆಲ ನೋಡುತ್ತ "ನನ್ನ ಕೈಯಾಗಿಲ್ರಿ ಅಕ್ಕಾರ" ಎಂದರು. ಯಾರ ಕೈಯಲ್ಲಿದೆ ಎಂದು ನಾನು ಕೇಳಲಿಲ್ಲ.

ಇವತ್ತು ತಾಲೀಮಿನಲ್ಲಿ ಬಾಗಿಲಲ್ಲಿ ನಿಂತೆ. ಬೇಕೆಂದಾಗ ಅತ್ತು ಹೊಟ್ಟೆ ಹೊರೆದವಳಿಗೆ ಅಳು ಬರಲಿಲ್ಲ. ಆರತಿಯನ್ನು ಬೇರೊಬ್ಬ ಹುಡುಗಿ ಎತ್ತಿದಳು, ತಟ್ಟೆ ಹಿಡಿಯಲೂ ಬಾರದವಳು. ತುಂಬ ಸಂಕಟವಾಯಿತು ಮಗಳೇ. ಬಿಟ್ಟು ಹೋಗೋಣವೆಂದರೆ ನನಗೆ ಬೇರೆ ಮನೆಯಿಲ್ಲ. ಸೋಮವಾರ ಅದೇ ಬಾಗಿಲಲ್ಲಿ ನಿಂತಿರುತ್ತೇನೆ. ನಿಮ್ಮಲ್ಲಿಗೆ ಬಂದರೆ ಅಡಿಗೆಮನೆ, ಇಲ್ಲಿದ್ದರೆ ಬಾಗಿಲ ಮರೆ. ಅಷ್ಟೇ ಫರಕು.

ಭಾರ ಎತ್ತಬೇಡ. ಮೈ ಜೋಪಾನ.

ನಿನ್ನ ಅವ್ವ,
ಹೊಳೆವ್ವ

ತಾ.ಕ.: ಮುರಗೆಪ್ಪನವರನ್ನು ಬೈಯಬೇಡ. ಮೊನ್ನೆ ಸಂಜೆ ನಿನ್ನ ಮಾವನವರ ಜೀಪು ಥೇಟರಿನ ಮುಂದೆ ನಿಂತಾಗ ನಾನು ಬಣ್ಣದ ಕೋಣೆಯ ಕಿಂಡಿಯಲ್ಲಿದ್ದೆ. ಕಂಪನಿಗೆ ಇಲ್ಲಿ ಜಾಗ ಕೊಡಿಸಿದವರು ಅವರೇ ಅಲ್ಲವೇ? "ನಮ್ಮ ಬೀಗತಿ, ಗಂಡ ಸತ್ತಾಕಿ, ಕುಂಕುಮ ಹಚ್ಚಿ ಮಂದಿ ಮುಂದ ನಿಂತ್ರ ನಮ್ಮ ಮನಿ ಮರ್ಯಾದಿ ಏನಾತು?" ಎಂದು ಮಾಲಕರನ್ನು ಕೇಳುತ್ತಿದ್ದರು. ಜೀಪಿನ ಅಂಚಿನ ಮೇಲೆ ಒಂದು ಕೈ ಇತ್ತು. ಆ ಮಾತು ಮುಗಿಯುವ ತನಕ ಅದು ಅಲುಗಲಿಲ್ಲ, ಕೈಯವಳು ಕೆಳಗಿಳಿಯಲೂ ಇಲ್ಲ. ಹಸಿರು ಬಳೆ, ಹಳದಿ ಚುಕ್ಕೆ. ಅಳತೆ ಸರಿಯಾಗಿದೆ, ಬಿಡು.