ಶನಿವಾರದ ಪಾಠ

ಬೊಬ್ಲಿಂಗೆನ್, ಜರ್ಮನಿ
ಭಾನುವಾರ, ೯ ಫೆಬ್ರವರಿ ೨೦೦೩

ಅಕ್ಕನಿಗೆ ಊರ್ಮಿಳಾ ಮಾಡುವ ನಮಸ್ಕಾರಗಳು.

ಅಮ್ಮ ಮೊಮ್ಮಗಳಿಂದ ಕೇಳಿದ್ದ ಪತ್ರವನ್ನು ಸೃಷ್ಟಿ ಬರೆದಿದ್ದಾಳೆ, ಇದರೊಳಗಿದೆ. ಅದು ಕನ್ನಡದಲ್ಲಿಲ್ಲ, ಕೊರಿಯನ್‌ನಲ್ಲಿದೆ.

ನಾವಿಬ್ಬರೂ ಕೆಲಸಕ್ಕೆ ಹೋಗುವುದರಿಂದ ಸೃಷ್ಟಿ ಎರಡು ವರ್ಷದಿಂದ ಕೆಳಗಿನ ಮನೆಯ ಕೊರಿಯನ್ ಹುಡುಗಿ ಜಿವೊನ್ ಜೊತೆಗೇ ಬೆಳೆಯುತ್ತಿದ್ದಾಳೆ. ಅವಳ ಟೈಮ್ ಟೇಬಲ್ಲೇ ಇವಳದೂ ಆಗಿದೆ. ಶುಕ್ರವಾರದವರೆಗೆ ಜರ್ಮನ್ ಶಾಲೆ, ಮಧ್ಯಾಹ್ನ ಅವರ ಮನೆಯಲ್ಲಿ ಲೆಕ್ಕ, ಶನಿವಾರ ಕೊರಿಯನ್ ಶಾಲೆ. ಭಾನುವಾರವನ್ನು ಕನ್ನಡಕ್ಕೆಂದು ಇಟ್ಟಿದ್ದೆ. ಭಾನುವಾರ ನಾನು ಮಲಗಿಬಿಡುತ್ತೇನೆ.

ನಿನ್ನೆ ಆ ಶಾಲೆಯಲ್ಲಿ ಅಜ್ಜಿಗೆ ಪತ್ರ ಬರೆಯುವ ಪಾಠವಿತ್ತಂತೆ. ಏನು ಬರೆದೆ ಎಂದು ಕೇಳಿದೆ. "ಅದು ಅಜ್ಜಿಗೆ, ನಿನಗಲ್ಲ" ಎಂದು ಜರ್ಮನ್‌ನಲ್ಲಿ ಹೇಳಿದಳು.

ನಮ್ಮ ಪಾಸ್‌ಪೋರ್ಟುಗಳು ಇನ್ನೂ ವೀಸಾ ಆಫೀಸಿನಲ್ಲಿವೆ. ಅಮ್ಮನಿಗೆ ಇನ್ನು ಇಷ್ಟೇ ಎಂದು ಡಾಕ್ಟರು ಹೇಳಿದ ದಿನಗಳೊಳಗೆ ಊರಿಗೆ ಬರಲು ಆಗುವುದಿಲ್ಲ.

ಅಮ್ಮನಿಗೆ ಈಗ ಕಣ್ಣು ಕಾಣುವುದಿಲ್ಲ ಎಂದು ಬರೆದಿದ್ದೆಯಲ್ಲ. ಕಾಗದವನ್ನು ಮೊದಲು ಅವಳ ಕೈಗೆ ಕೊಡು. ಆಮೇಲೆ ವಾಪಸ್ ತೆಗೆದುಕೊಂಡು, ಕನ್ನಡದಲ್ಲಿ ನಿನಗೆ ತೋಚಿದ್ದನ್ನು ಓದಿಬಿಡು. ಬೇಗ ಮುಗಿಸಬೇಡ. ಮಗು ಎರಡು ಪುಟ ತುಂಬ ಬರೆದಿದ್ದಾಳೆ.

ನಿನ್ನ ತಂಗಿ,
ಊರ್ಮಿ